ಜಮೀನು ಒಂದು, ಬಾಗಿಲು ಆರು

ಬೆಂಗಳೂರಿನಿಂದ ಮಾಗಡಿ ರಸ್ತೆ ಹಿಡಿದು ಸಾವನದುರ್ಗಕ್ಕೆ ಹೊರಟವರಿಗೆ ಬೆಟ್ಟಕ್ಕಿಂತ ಮೊದಲು ಕಣ್ಣಿಗೆ ಬೀಳುವುದು ಬಡಾವಣೆಗಳ ಕಮಾನು. ರಾಗಿ ಹೊಲದ ಪಕ್ಕದಲ್ಲೇ ಸಾಲಾಗಿ ನೆಟ್ಟ ಕಲ್ಲು, ಕಲ್ಲಿನ ಮೇಲೆ ಬಣ್ಣದಲ್ಲಿ ಬರೆದ ಸೈಟ್ ನಂಬರು, ಜಲ್ಲಿ ಸುರಿದು ಅಲ್ಲಿಗೇ ಬಿಟ್ಟ ರಸ್ತೆ. ಕೆಲವು ಖಾಸಗಿಯವರ ಬಡಾವಣೆ, ಕೆಲವು ಯಾವುದೋ ಇಲಾಖೆಯ ಅಥವಾ ಕಾರ್ಖಾನೆಯ ನೌಕರರ ಗೃಹ ನಿರ್ಮಾಣ ಸಹಕಾರ ಸಂಘದ್ದು. ಜನರ ಬಾಯಲ್ಲಿ ಅದು ‘ಸೊಸೈಟಿ ಸೈಟು’.

ಇಂಥ ಸೈಟಿಗೆ ದುಡ್ಡು ಕಟ್ಟಿದ ಒಬ್ಬ ನಿವೃತ್ತ ಶಿಕ್ಷಕಿಯನ್ನು ಊಹಿಸಿಕೊಳ್ಳೋಣ. ವರ್ಷಗಟ್ಟಲೆ ಕಂತು ಕಟ್ಟಿದ್ದಾರೆ. ಕೈಯಲ್ಲಿ ಷೇರು ಪತ್ರವಿದೆ, ರಸೀದಿಗಳ ಕಟ್ಟಿದೆ, ಸಂಘ ಕೊಟ್ಟ ಹಂಚಿಕೆ ಪತ್ರವಿದೆ. ನೋಂದಾಯಿತ ಕ್ರಯಪತ್ರ ಮಾತ್ರ ಇಲ್ಲ. ಒಂದು ಭಾನುವಾರ ಸೈಟು ನೋಡಲು ಬಂದರೆ ಅಲ್ಲಿ ಅವರೆ ಹೂ ಬಿಟ್ಟಿದೆ. ಬದುವಿನಲ್ಲಿ ನಿಂತ ರೈತ ಹೇಳುತ್ತಾನೆ: “ಅಡ್ವಾನ್ಸು ಬಿಟ್ರೆ ನಂಗೆ ಬಾಕಿ ದುಡ್ಡು ಬಂದಿಲ್ಲ ಮೇಡಮ್ಮೋರೆ. ನಾನು ಅಗ್ರಿಮೆಂಟು ಬರ್ಕೊಟ್ಟಿದ್ದು ಆ ಏಜೆಂಟ್ರಿಗೆ, ನಿಮ್ ಸೊಸೈಟಿಗಲ್ಲ.”

ಇವರು ಈಗ ಎಲ್ಲಿಗೆ ಹೋಗಬೇಕು? ಠಾಣೆಗೆ ಹೋದರೆ “ಇದು ಸಿವಿಲ್ ಮ್ಯಾಟರ್” ಎನ್ನುತ್ತಾರೆ. ಸಿವಿಲ್ ಕೋರ್ಟಿಗೆ ಹೋದರೆ ಸಂಘದ ವಕೀಲರು ಸಹಕಾರ ಕಾಯ್ದೆಯ 70ನೇ ಕಲಂ ತೋರಿಸಿ, ಇದು ಸಹಕಾರ ಸಂಘಗಳ ನಿಬಂಧಕರ ಮುಂದೆ ಹೋಗಬೇಕಾದ ತಕರಾರು ಎಂದು ವಾದಿಸುತ್ತಾರೆ. ಸಹಾಯಕ ನಿಬಂಧಕರ ಕಚೇರಿಯಲ್ಲಿ “ಜಮೀನಿನ ಹಕ್ಕಿನ ಪ್ರಶ್ನೆ ನಮ್ಮದಲ್ಲ, ಕೋರ್ಟಿನದು” ಎಂಬ ಉತ್ತರ. ಗ್ರಾಹಕ ಆಯೋಗದಲ್ಲಿ ಅವರು ಗ್ರಾಹಕರೋ ಸದಸ್ಯರೋ ಎಂಬ ಚರ್ಚೆ. ರಿಯಲ್ ಎಸ್ಟೇಟ್ ನಿಯಂತ್ರಣ ಪ್ರಾಧಿಕಾರವಾದ ರೇರಾದಲ್ಲಿ ಯೋಜನೆ ನೋಂದಣಿಯಾಗಿದೆಯೇ ಎಂಬ ಪ್ರಶ್ನೆ. ಇದೆಲ್ಲ ನಡೆಯುತ್ತಿರುವಾಗ ಆ ಸರ್ವೆ ನಂಬರು ಮಂಜೂರಾತಿ ಜಮೀನು ಎಂದು ಯಾರೋ ಉಪವಿಭಾಗಾಧಿಕಾರಿಗೆ ಅರ್ಜಿ ಕೊಟ್ಟರೆ, ಅಲ್ಲೊಂದು ಹೊಸ ಪ್ರಕರಣ. ಜಮೀನು ಒಂದು, ಬಾಗಿಲು ಆರು.

ನ್ಯಾಯವ್ಯಾಪ್ತಿ ಎಂದರೆ ವಕೀಲರ ತಾಂತ್ರಿಕ ತಕರಾರು, ಅಸಲಿ ವಿಷಯ ಆಮೇಲೆ ಬರುತ್ತದೆ ಎಂದು ನಾವು ಭಾವಿಸುತ್ತೇವೆ. ಸೊಸೈಟಿ ಸೈಟುಗಳ ಮಟ್ಟಿಗೆ ಈ ಭಾವನೆ ತಪ್ಪು. ಇಲ್ಲಿ ಅಸಲಿ ವಿಷಯದಲ್ಲಿ ಉತ್ತರವಿಲ್ಲದ ಕಡೆಯವರಿಗೆ ವ್ಯಾಪ್ತಿಯ ಗೊಂದಲವೇ ದೊಡ್ಡ ಆಸ್ತಿ. ಯಾವ ಬಾಗಿಲು ಎಂಬ ಜಗಳದಲ್ಲೇ ಐದಾರು ವರ್ಷ ಕಳೆದರೆ ಗೆಲ್ಲುವವರು ಯಾರು ಎಂಬುದಕ್ಕೆ ತೀರ್ಪು ಬೇಕಾಗುವುದಿಲ್ಲ. ಸರಿಯಾದ ಬಾಗಿಲು ಹುಡುಕುವ ಹೊರೆಯನ್ನು ದೂರುದಾರರ ತಲೆಯಿಂದ ಇಳಿಸಿ, ದೂರು ಸ್ವೀಕರಿಸುವ ಕಚೇರಿಯ ಮೇಲೆ ಹೊರಿಸಬೇಕು ಎಂಬುದು ನನ್ನ ವಾದ.

ಈ ಗೋಜಲು ಹೇಗೆ ಹುಟ್ಟಿತು ಎಂದು ತಿಳಿಯಲು ಸ್ವಲ್ಪ ಹಿಂದೆ ಹೋಗಬೇಕು. ದೇಶದ ಮೊದಲ ಗೃಹ ನಿರ್ಮಾಣ ಸಹಕಾರ ಸಂಘ ಎನಿಸಿಕೊಂಡದ್ದು 1909ರಲ್ಲಿ ಬೆಂಗಳೂರಿನಲ್ಲಿ ಹುಟ್ಟಿದ ಸಂಘ. ನೌಕರರು ಪರಸ್ಪರ ನಂಬಿ ಹಣ ಕೂಡಿಸಿ ಮನೆ ಮಾಡಿಕೊಳ್ಳುವ ಆ ಕಲ್ಪನೆ ಸುಂದರವಾದದ್ದು. 1959ರ ಕರ್ನಾಟಕ ಸಹಕಾರ ಸಂಘಗಳ ಕಾಯ್ದೆ ಬಂದಾಗಲೂ ಶಾಸಕರ ಮನಸ್ಸಿನಲ್ಲಿದ್ದದ್ದು ಇಂಥ ಸಣ್ಣ, ಒಬ್ಬರನ್ನೊಬ್ಬರು ಬಲ್ಲ ಕೂಟ. ಅದರೊಳಗಿನ ಮನಸ್ತಾಪ ಕೋರ್ಟಿಗೆ ಹೋಗಿ ವರ್ಷಗಟ್ಟಲೆ ಕೊಳೆಯಬಾರದೆಂದೇ 70ನೇ ಕಲಂ ಬಂತು. ಸಂಘದ ರಚನೆ, ಆಡಳಿತ ಅಥವಾ ವ್ಯವಹಾರಕ್ಕೆ ಸಂಬಂಧಿಸಿದ ತಕರಾರು ನಿಬಂಧಕರ ಮುಂದೆ ಹೋಗಬೇಕು, ಬೇರೆ ಯಾವ ನ್ಯಾಯಾಲಯಕ್ಕೂ ಅದನ್ನು ಕೇಳುವ ಅಧಿಕಾರವಿಲ್ಲ ಎಂದು ಅದು ಹೇಳುತ್ತದೆ. 118ನೇ ಕಲಂ ಆ ಬೀಗವನ್ನು ಇನ್ನಷ್ಟು ಭದ್ರಪಡಿಸುತ್ತದೆ.

ಆದರೆ ಎಂಬತ್ತರ ದಶಕದ ಹೊತ್ತಿಗೆ ಬೆಂಗಳೂರಿನ ಗೃಹ ನಿರ್ಮಾಣ ಸಂಘ ಆ ಹಳೆಯ ಕೂಟವಾಗಿ ಉಳಿದಿರಲಿಲ್ಲ. ಸರ್ಕಾರ ರೈತರ ಜಮೀನನ್ನು ಸಂಘಗಳಿಗಾಗಿ ಸ್ವಾಧೀನ ಮಾಡಿಕೊಡುತ್ತಿತ್ತು. ಆ ಸ್ವಾಧೀನ ಮಾಡಿಸಿಕೊಡಲು ಮಧ್ಯವರ್ತಿಗಳು ಹುಟ್ಟಿಕೊಂಡರು. ಸಂಘಗಳ ಅವ್ಯವಹಾರವನ್ನು ಜಿ.ವಿ.ಕೆ. ರಾವ್ ಸಮಿತಿ ಪರಿಶೀಲಿಸಿತು. 1991ರಲ್ಲಿ ನಾರಾಯಣ ರೆಡ್ಡಿ ಪ್ರಕರಣದಲ್ಲಿ ಕರ್ನಾಟಕ ಹೈಕೋರ್ಟು ಹಲವು ಸಂಘಗಳ ಪರವಾದ ಸ್ವಾಧೀನವನ್ನು ರದ್ದುಪಡಿಸಿತು. 1995ರಲ್ಲಿ ಎಚ್‌ಎಂಟಿ ಗೃಹ ನಿರ್ಮಾಣ ಸಹಕಾರ ಸಂಘದ ಪ್ರಕರಣದಲ್ಲಿ ಸುಪ್ರೀಂ ಕೋರ್ಟು ಅದೇ ಹಾದಿ ಹಿಡಿದು, ಸ್ವಾಧೀನದ ಅಧಿಸೂಚನೆ ಹೊರಡಿಸಿಕೊಡಲು ಮಧ್ಯವರ್ತಿ ಸಂಸ್ಥೆಯೊಂದಿಗೆ ಸಂಘ ಮಾಡಿಕೊಂಡ ಒಪ್ಪಂದವನ್ನು ಬೆಳಕಿಗೆ ಹಿಡಿಯಿತು. 2012ರಲ್ಲಿ ಬೆಂಗಳೂರು ಸಿಟಿ ಸಹಕಾರ ಗೃಹ ನಿರ್ಮಾಣ ಸಂಘದ ಪ್ರಕರಣದಲ್ಲೂ ಅದೇ ಮಾತು.

ಸ್ವಾಧೀನದ ದಾರಿ ಇಕ್ಕಟ್ಟಾದ ಮೇಲೆ ಸಂಘಗಳು ರೈತರಿಂದ ನೇರವಾಗಿ ಕೊಳ್ಳುವತ್ತ ತಿರುಗಿದವು. ಅಲ್ಲೂ ಒಂದು ಅಡ್ಡಗೋಡೆಯಿತ್ತು. ಭೂಸುಧಾರಣಾ ಕಾಯ್ದೆಯ 79ಬಿ ಕಲಂ ಪ್ರಕಾರ ಬೇಸಾಯದ ಸಹಕಾರ ಸಂಘ ಬಿಟ್ಟು ಬೇರೆ ಸಹಕಾರ ಸಂಘ ಕೃಷಿ ಜಮೀನು ಹೊಂದುವಂತಿರಲಿಲ್ಲ. ಭೂಪರಿವರ್ತನೆ ಆಗುವವರೆಗೆ ಜಮೀನು ರೈತನ ಹೆಸರಿನಲ್ಲೇ ಇರಬೇಕು, ಆದರೆ ಸದಸ್ಯರ ಹಣ ಅಷ್ಟರಲ್ಲೇ ಹರಿಯಬೇಕು. ಈ ಎರಡರ ನಡುವಿನ ಸಂದಿಯಲ್ಲಿ ಬೆಳೆದದ್ದು ಈಗಿನ ಸರಪಳಿ. ರೈತನಿಗೂ ಏಜೆಂಟನಿಗೂ ಒಂದು ಕ್ರಯದ ಕರಾರು, ಜತೆಗೊಂದು ಸಾಮಾನ್ಯ ಅಧಿಕಾರಪತ್ರ (ಜಿಪಿಎ). ಏಜೆಂಟನಿಗೂ ಸಂಘಕ್ಕೂ ಎಕರೆಗೆ ಅಥವಾ ಚದರಡಿಗೆ ಇಷ್ಟೆಂಬ ಅಭಿವೃದ್ಧಿ ಒಪ್ಪಂದ. ಸಂಘಕ್ಕೂ ಸದಸ್ಯನಿಗೂ ಹಂಚಿಕೆ ಪತ್ರ. 2011ರ ಸೂರಜ್ ಲ್ಯಾಂಪ್ ಪ್ರಕರಣದಲ್ಲಿ ಜಿಪಿಎ, ಕರಾರುಗಳಿಂದ ಸ್ಥಿರಾಸ್ತಿಯ ಒಡೆತನ ವರ್ಗಾವಣೆಯಾಗದು ಎಂದು ಸುಪ್ರೀಂ ಕೋರ್ಟು ಸ್ಪಷ್ಟವಾಗಿ ಹೇಳಿತು. ಸರಪಳಿ ಮಾತ್ರ ಕಡಿಯಲಿಲ್ಲ. 2020ರ ತಿದ್ದುಪಡಿಯಲ್ಲಿ 79ಎ, 79ಬಿ ರದ್ದಾದವು. ಆ ವೇಳೆಗೆ ಬರೆಯಬೇಕಾದ ಕರಾರುಗಳೆಲ್ಲ ಬರೆದಾಗಿತ್ತು.

ಈ ಸರಪಳಿಯನ್ನು ಕಣ್ಣಮುಂದೆ ಇಟ್ಟುಕೊಂಡರೆ ಗೋಜಲಿನ ಮೂಲ ತಿಳಿಯುತ್ತದೆ. ಒಂದೇ ಜಮೀನಿನ ಮೇಲೆ ಮೂರು ಒಪ್ಪಂದ, ನಾಲ್ಕು ಪಕ್ಷಗಾರರು. ಕಾನೂನು ಪ್ರತಿ ಕೊಂಡಿಗೂ ಬೇರೆ ಬೇರೆ ನ್ಯಾಯಸ್ಥಾನ ತೋರಿಸುತ್ತದೆ. ತಕರಾರು ಮಾತ್ರ ಕೊಂಡಿ ಕೊಂಡಿಯಾಗಿ ಬರುವುದಿಲ್ಲ, ಇಡೀ ಸರಪಳಿಯೇ ಒಟ್ಟಿಗೆ ಎಳೆದುಕೊಂಡು ಬರುತ್ತದೆ.

ಮೊದಲು 70ನೇ ಕಲಮನ್ನೇ ನೋಡೋಣ. ತಕರಾರು ಅದರೊಳಗೆ ಬರಬೇಕಾದರೆ ಎರಡು ಪ್ರಶ್ನೆಗೆ ಹೌದು ಎಂಬ ಉತ್ತರ ಬೇಕು. ತಕರಾರಿನ ವಿಷಯ ಸಂಘದ ರಚನೆ, ಆಡಳಿತ, ವ್ಯವಹಾರಕ್ಕೆ ತಾಗುತ್ತದೆಯೇ? ಪಕ್ಷಗಾರರು ಕಲಂ ಹೆಸರಿಸಿದ ಗುಂಪಿನವರೇ, ಅಂದರೆ ಸದಸ್ಯರು, ಮಾಜಿ ಸದಸ್ಯರು, ಅವರ ಮೂಲಕ ಹಕ್ಕು ಕೇಳುವವರು, ಸಂಘ, ಅದರ ಸಮಿತಿ, ಪದಾಧಿಕಾರಿ, ನೌಕರ, ಏಜೆಂಟ್?

‘ವ್ಯವಹಾರ’ ಎಂಬ ಮಾತಿನ ಅಗಲ ಎಷ್ಟು ಎಂಬುದು ಹಳೆಯ ಚರ್ಚೆ. ಮಹಾರಾಷ್ಟ್ರದ ಡೆಕ್ಕನ್ ಮರ್ಚೆಂಟ್ಸ್ ಸಹಕಾರಿ ಬ್ಯಾಂಕಿನ ಪ್ರಕರಣದಲ್ಲಿ ಸುಪ್ರೀಂ ಕೋರ್ಟು ಅದಕ್ಕೆ ಕಿರಿದಾದ ಅರ್ಥ ಕೊಟ್ಟಿತು. ಬ್ಯಾಂಕು ತನ್ನ ಕೈಗೆ ಬಂದ ಕಟ್ಟಡದ ಬಾಡಿಗೆದಾರನನ್ನು ಬಿಡಿಸುವುದು ಬ್ಯಾಂಕಿನ ‘ವ್ಯವಹಾರ’ ಆಗಲಾರದು ಎಂದಿತು. 1982ರಲ್ಲಿ ಓ.ಎನ್. ಭಟ್ನಾಗರ್ ಪ್ರಕರಣದಲ್ಲಿ ವಿಷಯ ಗೃಹ ನಿರ್ಮಾಣ ಸಂಘದ ಫ್ಲ್ಯಾಟಿನದು. ಸದಸ್ಯರಿಗೆ ವಸತಿ ಒದಗಿಸುವುದೇ ಅಂಥ ಸಂಘದ ವ್ಯವಹಾರವಾದ್ದರಿಂದ ಅಲ್ಲಿ ಕೂತ ಹೊರಗಿನವನನ್ನು ಬಿಡಿಸುವ ತಕರಾರು ಸಹಕಾರ ಕಾಯ್ದೆಯೊಳಗೇ ಬರುತ್ತದೆ ಎಂದು ಅದೇ ನ್ಯಾಯಾಲಯ ಹೇಳಿತು. ಎರಡನ್ನೂ ಜೋಡಿಸಿ ಓದಿದರೆ ನಮ್ಮ ಶಿಕ್ಷಕಿಯ ವಿಷಯದಲ್ಲಿ ಅರ್ಧ ಉತ್ತರ ಸಿಗುತ್ತದೆ. ಜಮೀನು ಕೊಂಡು, ಬಡಾವಣೆ ಮಾಡಿ, ಸೈಟು ಹಂಚುವುದು ಗೃಹ ನಿರ್ಮಾಣ ಸಂಘದ ವ್ಯವಹಾರವೇ. ಜ್ಯೇಷ್ಠತಾ ಪಟ್ಟಿ ತಪ್ಪಿಸಿ ಬೇರೆಯವರಿಗೆ ಹಂಚಿದ್ದಾರೆ, ಪಡೆದ ಕಂತಿಗೆ ಲೆಕ್ಕವಿಲ್ಲ ಎಂಬ ದೂರುಗಳಿಗೆ ನಿಬಂಧಕರ ಕಚೇರಿಯೇ ಸರಿಯಾದ ಜಾಗ. ಸಂಘದ ಪುಸ್ತಕ ತರಿಸುವ, ವಿಚಾರಣೆ ನಡೆಸುವ, ನಷ್ಟವನ್ನು ಪದಾಧಿಕಾರಿಗಳ ಮೇಲೆ ಹಾಕುವ ಅಧಿಕಾರ ಅವರಿಗಿದೆ.

ಎರಡನೆಯ ಪ್ರಶ್ನೆಗೆ ಬಂದಾಗ ರೈತ ಎದುರು ನಿಲ್ಲುತ್ತಾನೆ. ಅವನು ಸದಸ್ಯನಲ್ಲ. ಸಂಘದ ಉಪನಿಯಮಕ್ಕೆ ಸಹಿ ಹಾಕಿದವನಲ್ಲ. ಸಂಘಕ್ಕೆ ಸೇರದೆ ಇದ್ದವನನ್ನು ಸಂಘದ ನ್ಯಾಯಪೀಠದ ಮುಂದೆ ಎಳೆದು ತಂದು ಅವನ ಪಿತ್ರಾರ್ಜಿತ ಜಮೀನಿನ ಹಕ್ಕನ್ನು ತೀರ್ಮಾನಿಸುವುದು ಕಾನೂನಿಗೂ ಹೊಂದದು, ನ್ಯಾಯಕ್ಕೂ ಹೊಂದದು. ಸಿವಿಲ್ ಪ್ರಕ್ರಿಯಾ ಸಂಹಿತೆಯ 9ನೇ ಕಲಂ, ಸ್ಪಷ್ಟವಾಗಿಯೋ ಸೂಚ್ಯವಾಗಿಯೋ ತಡೆಯದ ಎಲ್ಲ ಸಿವಿಲ್ ದಾವೆಗಳನ್ನೂ ಸಿವಿಲ್ ನ್ಯಾಯಾಲಯ ಕೇಳಬೇಕು ಎನ್ನುತ್ತದೆ. 1968ರ ಧುಲಾಭಾಯ್ ತೀರ್ಪು ಆ ಬಾಗಿಲು ಮುಚ್ಚಿದೆಯೆಂದು ಸುಲಭವಾಗಿ ಊಹಿಸಬಾರದು ಎಂದು ಎಚ್ಚರಿಸಿದೆ. ಹೀಗಾಗಿ ಹಕ್ಕಿನ ಘೋಷಣೆ, ಸದಸ್ಯನಲ್ಲದವನ ಜತೆಗಿನ ಕರಾರಿನ ಜಾರಿ, ಹೊರಗಿನವರ ಹೆಸರಿನ ನೋಂದಾಯಿತ ಕ್ರಯಪತ್ರದ ರದ್ದತಿ, ಇವು ಸಿವಿಲ್ ನ್ಯಾಯಾಲಯದ ಕೆಲಸ. ಸಹಕಾರ ಇಲಾಖೆಯ ಅಧಿಕಾರಿಗೆ ಲೆಕ್ಕ ಗೊತ್ತು, ಉಪನಿಯಮ ಗೊತ್ತು. ಅವಿಭಕ್ತ ಕುಟುಂಬದ ಪಾಲು, ಅಪ್ರಾಪ್ತರ ಹಕ್ಕು, ಅನುಭೋಗದ ಸಾಕ್ಷ್ಯ ಇವುಗಳನ್ನು ತೂಗುವ ತರಬೇತಿ ಅವರಿಗೆ ಯಾರೂ ಕೊಟ್ಟಿಲ್ಲ.

ಇನ್ನು ಏಜೆಂಟ್. 70ನೇ ಕಲಮಿನಲ್ಲಿ ಸಂಘದ ಏಜೆಂಟನ ಹೆಸರಿದೆ. ಅಭಿವೃದ್ಧಿ ಒಪ್ಪಂದ ಮಾಡಿಕೊಂಡವನು ಸಂಘದ ಪರವಾಗಿ ನಡೆದುಕೊಂಡವನೋ, ಸ್ವತಂತ್ರ ವ್ಯಾಪಾರಿಯೋ? ಹಣ ತೆಗೆದುಕೊಳ್ಳುವಾಗ ಅವನು ಸಂಘದ ಮನುಷ್ಯ. ಲೆಕ್ಕ ಕೇಳಿದಾಗ ಹೊರಗಿನವ. ಹೊರಗಿನವ ಎಂದು ಸಾಬೀತಾದ ದಿನ 70ನೇ ಕಲಮಿನ ಇಡೀ ಪ್ರಕರಣ ಕುಸಿಯುತ್ತದೆ. ತಕರಾರು 70ನೇ ಕಲಮಿನಡಿ ಬರುತ್ತದೆಯೋ ಇಲ್ಲವೋ ಎಂಬುದರಲ್ಲಿ ನಿಬಂಧಕರ ತೀರ್ಮಾನವೇ ಅಂತಿಮ ಎಂದು ಕಾಯ್ದೆ ಹೇಳಿದರೂ, ರಿಟ್ ಅರ್ಜಿಯ ಮೂಲಕ ಹೈಕೋರ್ಟಿನ ದಾರಿ ತೆರೆದೇ ಇರುತ್ತದೆ. ಗಂಡ ಹೆಂಡಿರ ಜಗಳದಲ್ಲಿ ಕೂಸು ಬಡವಾಯಿತು ಎಂಬಂತೆ, ಎರಡು ಪೀಠಗಳ ನಡುವಿನ ಮಾತುಕತೆಯಲ್ಲಿ ಸೊರಗುವುದು ಸದಸ್ಯನ ಉಳಿತಾಯ.

ವಿಷಯದ ವ್ಯಾಪ್ತಿ ಹೀಗಾದರೆ ನೆಲದ ವ್ಯಾಪ್ತಿಯದು ಇನ್ನೊಂದು ಕತೆ. ಸಂಘದ ನೋಂದಾಯಿತ ಕಚೇರಿ ಬೆಂಗಳೂರಿನಲ್ಲಿ, ಸದಸ್ಯರು ಬೆಂಗಳೂರಿನವರು, ಹಣ ಕಟ್ಟಿದ್ದು ಬೆಂಗಳೂರಿನ ಬ್ಯಾಂಕಿನಲ್ಲಿ. ಜಮೀನು ಮಾತ್ರ ಸಾವನದುರ್ಗದ ತಪ್ಪಲಿನಲ್ಲಿ. ಸಿವಿಲ್ ಪ್ರಕ್ರಿಯಾ ಸಂಹಿತೆಯ 16ನೇ ಕಲಂ ಪ್ರಕಾರ ಸ್ಥಿರಾಸ್ತಿಯ ಹಕ್ಕಿನ ದಾವೆ ಆಸ್ತಿ ಇರುವ ಜಾಗದ ನ್ಯಾಯಾಲಯದಲ್ಲೇ ಹೂಡಬೇಕು. 2005ರಲ್ಲಿ ಹರ್ಷದ್ ಚಿಮನ್‌ಲಾಲ್ ಮೋದಿ ಮತ್ತು ಡಿಎಲ್‌ಎಫ್ ನಡುವಿನ ಪ್ರಕರಣದಲ್ಲಿ ಇದೇ ಪ್ರಶ್ನೆ ಬಂತು. ಸೈಟು ಗುರುಗ್ರಾಮದಲ್ಲಿ, ಕರಾರಿನಲ್ಲಿ ದೆಹಲಿಯ ನ್ಯಾಯಾಲಯವೆಂದು ಬರೆದಿತ್ತು, ದಾವೆ ದೆಹಲಿಯಲ್ಲಿ ಎಷ್ಟೋ ವರ್ಷ ನಡೆದಿತ್ತು. ಇಲ್ಲದ ಅಧಿಕಾರವನ್ನು ಪಕ್ಷಗಾರರ ಒಪ್ಪಿಗೆ ನ್ಯಾಯಾಲಯಕ್ಕೆ ತಂದುಕೊಡಲಾರದು ಎಂದು ಸುಪ್ರೀಂ ಕೋರ್ಟು ಹೇಳಿತು. ದಾವೆ ದೆಹಲಿಯಲ್ಲಿ ನಿಲ್ಲಲಿಲ್ಲ.

ಇದನ್ನು ನಮ್ಮ ಊರಿಗೆ ಅನ್ವಯಿಸಿ. ಸೈಟಿನ ಸ್ವಾಧೀನ ಬೇಕು, ಕ್ರಯಪತ್ರ ಬೇಕು ಎಂದರೆ ಮಾಗಡಿಯ ನ್ಯಾಯಾಲಯ. ಕಟ್ಟಿದ ಹಣ ಮಾತ್ರ ವಾಪಸು ಬೇಕೆಂದರೆ ಸಂಘದ ಕಚೇರಿ ಇರುವ, ಹಣ ಕೈಬದಲಾದ ಬೆಂಗಳೂರು ಸಾಕು. ಹಂಚಿಕೆ ಪತ್ರದ ಹಿಂಬದಿಯಲ್ಲಿ ‘ಬೆಂಗಳೂರು ನ್ಯಾಯಾಲಯಗಳ ವ್ಯಾಪ್ತಿಗೆ ಒಳಪಟ್ಟಿದೆ’ ಎಂಬ ಮುದ್ರಿತ ಸಾಲನ್ನು ನಂಬಿ ಹೊರಟವರು ಅರ್ಧ ದಾರಿಯಲ್ಲಿ ಹಿಂತಿರುಗಬೇಕಾಗುತ್ತದೆ. 2007ರಲ್ಲಿ ಮಾಗಡಿಯೂ ಸೇರಿದ ರಾಮನಗರ ಪ್ರತ್ಯೇಕ ಜಿಲ್ಲೆಯಾಯಿತು. 2025ರಲ್ಲಿ ಸರ್ಕಾರ ಅದಕ್ಕೆ ‘ಬೆಂಗಳೂರು ದಕ್ಷಿಣ’ ಎಂದು ಹೆಸರಿಟ್ಟಿತು. ಜಾಹೀರಾತು ಬರೆಯುವವರಿಗೆ ಆ ಹೆಸರು ಹಬ್ಬ. ಆದರೆ ಜಿಲ್ಲೆಯ ಹೆಸರಿನಲ್ಲಿ ಬೆಂಗಳೂರು ಬಂದ ಮಾತ್ರಕ್ಕೆ ಮಾಗಡಿಯ ಸರ್ವೆ ನಂಬರು ಬೆಂಗಳೂರಿನ ಸಿಟಿ ಸಿವಿಲ್ ಕೋರ್ಟಿಗೆ ಹೋಗುವುದಿಲ್ಲ.

ಗ್ರಾಹಕ ಆಯೋಗ ಮತ್ತು ರೇರಾ ಈ ಚಿತ್ರಕ್ಕೆ ಆಮೇಲೆ ಸೇರಿದವು. ವಸತಿ ಒದಗಿಸುವುದು ‘ಸೇವೆ’ ಎಂದು 1993ರಲ್ಲಿ ಲಕ್ನೋ ಅಭಿವೃದ್ಧಿ ಪ್ರಾಧಿಕಾರದ ಪ್ರಕರಣ ಹೇಳಿತು. ರಸ್ತೆ, ಚರಂಡಿ, ನೀರಿನ ಭರವಸೆಯೊಂದಿಗೆ ಬಡಾವಣೆಯ ಸೈಟು ಮಾರುವುದೂ ಸೇವೆಯೇ ಎಂದು 2012ರ ನಾರ್ನೆ ಕನ್‌ಸ್ಟ್ರಕ್ಷನ್ ತೀರ್ಪು, ಏನೂ ಅಭಿವೃದ್ಧಿಯಿಲ್ಲದ ಬರಿಯ ತುಂಡು ಜಮೀನಿನ ಮಾರಾಟ ಸೇವೆಯಲ್ಲ ಎಂದು 2013ರ ಗಣೇಶ್‌ಲಾಲ್ ತೀರ್ಪು ವಿವರಿಸಿದವು. ಸಹಕಾರ ಕಾಯ್ದೆಯಲ್ಲಿ ತಡೆಯಿದ್ದರೂ ಸದಸ್ಯ ಗ್ರಾಹಕ ವೇದಿಕೆಗೆ ಹೋಗಬಹುದು ಎಂದು ತಮಿಳುನಾಡಿನ ತಿರುಮುರುಗನ್ ಸಹಕಾರ ಸಂಘದ ಪ್ರಕರಣದಲ್ಲಿ 2003ರಲ್ಲೇ ತೀರ್ಮಾನವಾಗಿದೆ. 2019ರ ಗ್ರಾಹಕ ಕಾಯ್ದೆಯಡಿ ದೂರುದಾರ ತಾನು ವಾಸಿಸುವ ಜಿಲ್ಲೆಯಲ್ಲೇ ದೂರು ಕೊಡಬಹುದು. ಪಾವತಿಸಿದ ಮೊತ್ತ 50 ಲಕ್ಷ ರೂಪಾಯಿವರೆಗಿದ್ದರೆ ಜಿಲ್ಲಾ ಆಯೋಗ. ಎರಡು ವರ್ಷದ ಕಾಲಮಿತಿಯನ್ನು ಮಾತ್ರ ಮರೆಯಬಾರದು.

2016ರ ರೇರಾ ಕಾಯ್ದೆ ಇನ್ನೂ ಮುಂದೆ ಹೋಗಿದೆ. ಅಲ್ಲಿ ‘ವ್ಯಕ್ತಿ’ ಎಂಬುದರಲ್ಲಿ ಸಹಕಾರ ಸಂಘವೂ ಸೇರಿದೆ. ಜಮೀನನ್ನು ಬಡಾವಣೆ ಮಾಡಿ ಮಾರುವವನು ಪ್ರವರ್ತಕ. 500 ಚದರ ಮೀಟರಿಗಿಂತ ಹೆಚ್ಚಿನ ಯೋಜನೆಗೆ ನೋಂದಣಿ ಕಡ್ಡಾಯ. ಅದರ 18ನೇ ಕಲಮಿನಲ್ಲಿ ನಮ್ಮ ಶಿಕ್ಷಕಿಯಂಥವರಿಗೆ ಬಹಳ ಬೆಲೆಬಾಳುವ ಒಂದು ಮಾತಿದೆ. ಜಮೀನಿನ ಹಕ್ಕಿನಲ್ಲೇ ದೋಷವಿದ್ದು ಖರೀದಿದಾರರಿಗೆ ನಷ್ಟವಾದರೆ ಪ್ರವರ್ತಕ ಪರಿಹಾರ ಕೊಡಬೇಕು, ಆ ಹಕ್ಕುಕೇಳಿಕೆಗೆ ಕಾಲಮಿತಿಯ ಅಡ್ಡಿಯಿಲ್ಲ. ಹಕ್ಕು ಯಾರದೆಂದು ರೇರಾ ತೀರ್ಮಾನಿಸಲಾರದು. ದೋಷದ ಬೆಲೆ ಯಾರು ತೆರಬೇಕೆಂದು ಮಾತ್ರ ಹೇಳಬಲ್ಲದು. ಅದರ ಆದೇಶದ ಹಣ ಭೂಕಂದಾಯದ ಬಾಕಿಯಂತೆ ವಸೂಲಾಗಬೇಕಾದ್ದರಿಂದ ಕೊನೆಗೆ ಕಂದಾಯ ಇಲಾಖೆಯ ಮುಂದೆಯೇ ಕಾಯಬೇಕು.

ಆ ಇಲಾಖೆಯ ಕೈಯಲ್ಲಿ ಇನ್ನೊಂದು ಬೀಗವಿದೆ. ಸಾವನದುರ್ಗದ ಸುತ್ತ ರಾಜ್ಯ ಅರಣ್ಯವಿದೆ, ತಾಲ್ಲೂಕಿನಲ್ಲಿ ಗೋಮಾಳವಿದೆ, ಮಂಜೂರಾತಿ ಜಮೀನಿದೆ. ಪರಿಶಿಷ್ಟ ಜಾತಿ, ಪಂಗಡದವರಿಗೆ ಮಂಜೂರಾದ ಜಮೀನನ್ನು ಸರ್ಕಾರದ ಅನುಮತಿಯಿಲ್ಲದೆ ಮಾರಿದ್ದರೆ 1978ರ ಪಿಟಿಸಿಎಲ್ ಕಾಯ್ದೆಯಡಿ ಉಪವಿಭಾಗಾಧಿಕಾರಿ ಆ ಮಾರಾಟವನ್ನು ಅನೂರ್ಜಿತಗೊಳಿಸಿ ಜಮೀನನ್ನು ಮೂಲ ಮಂಜೂರಾತಿದಾರರಿಗೆ ಮರಳಿಸಬಹುದು. ಇಂಥ ಅರ್ಜಿ ಸಮಂಜಸ ಅವಧಿಯೊಳಗೆ ಬರಬೇಕೆಂದು 2017ರಲ್ಲಿ ನೆಕ್ಕಂಟಿ ರಾಮಲಕ್ಷ್ಮಿ ಪ್ರಕರಣದಲ್ಲಿ ಸುಪ್ರೀಂ ಕೋರ್ಟು ಹೇಳಿತು. 2023ರ ರಾಜ್ಯದ ತಿದ್ದುಪಡಿ ಕಾಲಮಿತಿ ಇಲ್ಲವೆಂದಿತು. ಬಡವನಿಂದ ಬಂಡೆಯಷ್ಟು ಬಡ್ಡಿಗೆ, ಮದುವೆಯ ಸಾಲಕ್ಕೆ ಕಿತ್ತುಕೊಂಡ ಜಮೀನು ಮರಳಿ ಸಿಗಬೇಕೆಂಬ ಆ ಕಾಯ್ದೆಯ ಆಶಯ ನ್ಯಾಯವಾದದ್ದು. ಆದರೆ ಸೈಟು ಹಂಚುವ ಮೊದಲು ಮೂಲ ಮಂಜೂರಾತಿ ಕಡತ ತೆಗೆಸಿ ನೋಡಬೇಕಾದವರು ಸಂಘದ ಆಡಳಿತ ಮಂಡಳಿಯವರು. ನೋಡದೆ ಹಂಚಿದರೆ, ಕಾಯ್ದೆ ರಕ್ಷಿಸಹೊರಟ ಬಡವನೂ ಸಂಘ ನಂಬಿದ ಸದಸ್ಯನೂ ಎದುರುಬದುರು ನಿಲ್ಲುತ್ತಾರೆ. ನಡುವಿನವನು ಅಷ್ಟರಲ್ಲಿ ಮುಂದಿನ ಬಡಾವಣೆಗೆ ಹೊರಟಿರುತ್ತಾನೆ.

ಇಷ್ಟು ಬಾಗಿಲುಗಳಿರುವುದು ಒಳ್ಳೆಯದೇ ಅಲ್ಲವೇ ಎಂದು ಕೇಳುವವರಿದ್ದಾರೆ. ಒಂದು ಮುಚ್ಚಿದರೆ ಇನ್ನೊಂದು, ಆಯ್ಕೆ ದೂರುದಾರನದು. ಗ್ರಾಹಕ ಕಾಯ್ದೆ, ರೇರಾ ಎರಡೂ ತಮ್ಮ ಪರಿಹಾರ ‘ಹೆಚ್ಚುವರಿ’ ಎಂದೇ ಹೇಳಿಕೊಂಡಿವೆ. ಎರಡೂ ಜತೆಗಿರಬಹುದೆಂದು 2020ರ ಇಂಪೀರಿಯಾ ಸ್ಟ್ರಕ್ಚರ್ಸ್ ತೀರ್ಪೂ ಒಪ್ಪಿದೆ. ಈ ವಾದದಲ್ಲಿ ತಿರುಳಿದೆ. ಹಣ ವಾಪಸು ಕೇಳುವವನಿಗೆ ಸಮೀಪದ, ಕಡಿಮೆ ಖರ್ಚಿನ ವೇದಿಕೆ ಸಿಗುವುದನ್ನು ಯಾರೂ ಕಿತ್ತುಕೊಳ್ಳಬಾರದು. ಆದರೆ ಆಯ್ಕೆ ಎಂಬುದು ಅದರ ಫಲ ಗೊತ್ತಿರುವವನಿಗೆ ಮಾತ್ರ ಆಯ್ಕೆ. ಹಣ ವಾಪಸು ಕೇಳಿ ಆದೇಶ ಪಡೆದವರು ಆಮೇಲೆ ಸೈಟೇ ಬೇಕೆಂದರೆ ಬಾಗಿಲು ಮುಚ್ಚಿರುತ್ತದೆ ಎಂಬುದು ಎಷ್ಟು ಜನಕ್ಕೆ ಗೊತ್ತು? ಕರಾರಿನ ಜಾರಿಗೆ ಮೂರು ವರ್ಷದ ಕಾಲಮಿತಿ ಓಡುತ್ತಲೇ ಇರುತ್ತದೆ ಎಂಬುದು? ತಪ್ಪು ನ್ಯಾಯಾಲಯದಲ್ಲಿ ಕಳೆದ ಸಮಯವನ್ನು ಬಿಟ್ಟು ಲೆಕ್ಕ ಹಾಕಲು ಕಾಲಮಿತಿ ಕಾಯ್ದೆಯ 14ನೇ ಕಲಮಿನಲ್ಲಿ ಅವಕಾಶವಿದೆ. ಅದಕ್ಕೂ ಶ್ರದ್ಧೆ, ಸದ್ಭಾವನೆ ಎರಡನ್ನೂ ರುಜುವಾತು ಮಾಡಬೇಕು, ಮತ್ತೊಬ್ಬ ವಕೀಲರಿಗೆ ಫೀಸು ಕೊಡಬೇಕು. ಇನ್ನು ಆ ರೈತನಿಗೆ ಈ ಆರರಲ್ಲಿ ಎಷ್ಟು ಬಾಗಿಲು? ಅವನು ಗ್ರಾಹಕನಲ್ಲ, ರೇರಾದ ಖರೀದಿದಾರನಲ್ಲ, ಸಂಘದ ಸದಸ್ಯನಲ್ಲ. ಬಾಕಿ ಹಣಕ್ಕೆ ಅವನಿಗಿರುವುದು ಸಿವಿಲ್ ಕೋರ್ಟು ಒಂದೇ.

ಇನ್ನು ಕೆಲವರು ಎಲ್ಲವನ್ನೂ ಒಂದೇ ಸೂರಿನಡಿ ತರುವ ವಿಶೇಷ ನ್ಯಾಯಮಂಡಳಿ ಬೇಕೆನ್ನುತ್ತಾರೆ. 70ನೇ ಕಲಂ ಬಂದದ್ದೂ ಅದೇ ಆಸೆಯಿಂದ ಎಂಬುದನ್ನು ಅವರು ಮರೆಯುತ್ತಾರೆ. ಹೊಸ ಮಂಡಳಿ ಬಂದರೆ ಅದರ ವ್ಯಾಪ್ತಿ ಎಲ್ಲಿ ಮುಗಿಯುತ್ತದೆ ಎಂಬ ಹೊಸ ಜಗಳ ಹುಟ್ಟುತ್ತದೆ. ಏಳನೆಯ ಬಾಗಿಲು ಸೇರುತ್ತದೆ. ಎಲ್ಲವನ್ನೂ ನಿಬಂಧಕರಿಗೇ ಒಪ್ಪಿಸಬೇಕೆಂಬ ವಾದವೂ ನಿಲ್ಲದು. ಸಂಘಗಳ ಮೇಲ್ವಿಚಾರಣೆ ಮಾಡಬೇಕಾದ ಇಲಾಖೆಯೇ ಆ ಮೇಲ್ವಿಚಾರಣೆ ತಪ್ಪಿದಾಗ ಹುಟ್ಟಿದ ತಕರಾರಿಗೆ ನ್ಯಾಯಾಧೀಶನೂ ಆಗುವುದರಲ್ಲಿ ಮುಜುಗರವಿದೆ.

ಬಾಗಿಲುಗಳನ್ನು ಒಡೆಯುವುದು ಬೇಡ. ಬಾಗಿಲ ಬಳಿ ಕೂತವರು ಬಾಯಿಬಿಟ್ಟು ಹೇಳಲಿ. ಇದಕ್ಕೆ ಮಾದರಿ ನಮ್ಮ ಕಾನೂನಿನಲ್ಲೇ ಇದೆ. 2005ರ ಮಾಹಿತಿ ಹಕ್ಕು ಕಾಯ್ದೆಯ 6(3) ಕಲಂ ಪ್ರಕಾರ, ತನಗೆ ಸಂಬಂಧಿಸದ ಅರ್ಜಿ ಬಂದರೆ ಆ ಕಚೇರಿ ಅದನ್ನು ಐದು ದಿನದೊಳಗೆ ಸರಿಯಾದ ಕಚೇರಿಗೆ ತಾನೇ ಕಳಿಸಿ ಅರ್ಜಿದಾರನಿಗೆ ತಿಳಿಸಬೇಕು. ಸಿವಿಲ್ ಪ್ರಕ್ರಿಯಾ ಸಂಹಿತೆಯಲ್ಲೂ, ವ್ಯಾಪ್ತಿಯಿಲ್ಲದ ದಾವೆಯನ್ನು ಹಿಂತಿರುಗಿಸುವ ನ್ಯಾಯಾಲಯ, ಸರಿಯಾದ ನ್ಯಾಯಾಲಯದಲ್ಲಿ ಹಾಜರಾಗಬೇಕಾದ ದಿನವನ್ನೂ ಗೊತ್ತುಪಡಿಸಿ ಕಳಿಸಬಹುದು. ಹತ್ತು ರೂಪಾಯಿಯ ಮಾಹಿತಿ ಅರ್ಜಿಗೆ ಸಿಗುವ ಸೌಜನ್ಯ ಒಬ್ಬರ ಜೀವಮಾನದ ಉಳಿತಾಯದ ದೂರಿಗೆ ಸಿಗಬಾರದೇ?

70ನೇ ಕಲಮಿಗೆ ಮೂರು ಸಣ್ಣ ಸೇರ್ಪಡೆ ಸಾಕು. ತಕರಾರು ತನ್ನ ವ್ಯಾಪ್ತಿಯೊಳಗಿದೆಯೇ ಎಂಬುದನ್ನು ನಿಬಂಧಕರು ಮೊದಲ ಮೂವತ್ತು ದಿನದೊಳಗೆ, ಕಾರಣ ಸಹಿತ ಬರೆದು ಹೇಳಬೇಕು; ಇಲ್ಲವೆಂದಾದರೆ ಯಾವ ಪ್ರಾಧಿಕಾರಕ್ಕೆ ಹೋಗಬೇಕೆಂದು ಆದೇಶದಲ್ಲೇ ತಿಳಿಸಿ ಕಡತದ ದೃಢೀಕೃತ ಪ್ರತಿ ಕೊಡಬೇಕು. ಆ ಘಟ್ಟದಲ್ಲಿ ವ್ಯಾಪ್ತಿಯ ಆಕ್ಷೇಪ ಎತ್ತದ ಸಂಘಕ್ಕೆ ಆಮೇಲೆ ಬೇರೆ ಪೀಠದ ಮುಂದೆ ಅದನ್ನೇ ತಿರುಗಿಸಿ ಎತ್ತಲು ಬಿಡಬಾರದು. ಮತ್ತು ಸಂಘ ಕೊಡುವ ಪ್ರತಿ ಹಂಚಿಕೆ ಪತ್ರದಲ್ಲಿ ಸರ್ವೆ ನಂಬರು, ಈಗಿನ ಪಹಣಿದಾರನ ಹೆಸರು, ಭೂಪರಿವರ್ತನೆಯ ಆದೇಶ, ಏಜೆಂಟನೊಂದಿಗಿನ ಒಪ್ಪಂದದ ದಿನಾಂಕ, ಬಡಾವಣೆ ಮಂಜೂರು ಮಾಡಿದ ಯೋಜನಾ ಪ್ರಾಧಿಕಾರ, ರೇರಾ ಸಂಖ್ಯೆ ಇವಿಷ್ಟೂ ಕಡ್ಡಾಯವಾಗಿ ಇರಬೇಕು. ಸರಪಳಿಯ ಎಲ್ಲ ಕೊಂಡಿಗಳೂ ಒಂದೇ ಹಾಳೆಯಲ್ಲಿ ಕಂಡರೆ ಯಾವ ಕೊಂಡಿ ಮುರಿಯಿತೆಂದು ಸದಸ್ಯನಿಗೇ ತಿಳಿಯುತ್ತದೆ. ಕೊಂಡಿ ತಿಳಿದರೆ ಬಾಗಿಲೂ ತಿಳಿಯುತ್ತದೆ. ಪ್ರಾಮಾಣಿಕವಾಗಿ ನಡೆಯುವ ಸಂಘಗಳಿಗೆ, ಬಿಡುವಿನ ವೇಳೆಯಲ್ಲಿ ದುಡಿಯುವ ಗೌರವ ಪದಾಧಿಕಾರಿಗಳಿಗೆ ಇದರಿಂದ ನಷ್ಟವೇನೂ ಇಲ್ಲ.

ಅಲ್ಲಿಯವರೆಗೆ ಸೊಸೈಟಿ ಸೈಟಿನ ಕಾಗದ ಹಿಡಿದು ಕೂತವರು ವಕೀಲರ ಬಳಿ ಹೋಗುವ ಮೊದಲು ತಮ್ಮನ್ನೇ ಕೇಳಿಕೊಳ್ಳಬೇಕಾದ ಪ್ರಶ್ನೆ, ‘ನನಗೆ ಮೋಸ ಮಾಡಿದವರು ಯಾರು’ ಎಂಬುದಲ್ಲ, ‘ನನಗೆ ಬೇಕಾದದ್ದೇನು’ ಎಂಬುದು. ಸೈಟೇ ಬೇಕು, ರೈತನೋ ಮೂರನೆಯವನೋ ಅಡ್ಡ ನಿಂತಿದ್ದಾನೆ ಎಂದರೆ ಜಮೀನಿರುವ ಊರಿನ ಸಿವಿಲ್ ನ್ಯಾಯಾಲಯ. ಅದಕ್ಕೂ ಮೊದಲು ಸಹಕಾರ ಕಾಯ್ದೆಯ 125ನೇ ಕಲಮಿನಂತೆ ನಿಬಂಧಕರಿಗೆ ಲಿಖಿತ ನೋಟಿಸು. ಹಣವೋ ಪರಿಹಾರವೋ ಬೇಕೆಂದರೆ ಗ್ರಾಹಕ ಆಯೋಗ ಅಥವಾ ರೇರಾ. ಹಂಚಿಕೆಯ ಸರದಿ, ಲೆಕ್ಕ, ಸದಸ್ಯತ್ವದ ಮಾತಾದರೆ ನಿಬಂಧಕರು. ಮೂರೂ ಬೇಕೆಂದು ಮೂರು ಕಡೆ ಒಂದೇ ದಿನ ಅರ್ಜಿ ಹಾಕುವುದು ಎದುರಾಳಿಗೆ ನಾವೇ ಕೊಡುವ ಉಡುಗೊರೆ.

ಸಹಕಾರ ಸಂಘಗಳು ಸಂವಿಧಾನದ ರಾಜ್ಯಪಟ್ಟಿಯ 32ನೇ ನಮೂದಿನಲ್ಲಿವೆ. 70ನೇ ಕಲಮಿನ ಈ ತಿದ್ದುಪಡಿಗೆ ದೆಹಲಿಯನ್ನು ಕೇಳಬೇಕಾಗಿಲ್ಲ. ವಿಧಾನಸೌಧದ ಒಂದು ಅಧಿವೇಶನ ಸಾಕು.